ಮದುವೆಗೆ ಎಂಥ ಚಪ್ಪಲಿ ತೆಗೆದುಕೊಳ್ಳಲಿ?

ಮದುವೆಯ ತಿಂಗಳುಗಳು ಹತ್ತಿರವಾದಂತೆ ಅಕ್ಕನ ಮಕ್ಕಳಿಂದ ಹಿಡಿದು ಕಚೇರಿಯ ಗೆಳತಿಯರವರೆಗೆ ಎಲ್ಲರೂ ನನ್ನನ್ನು ಕೇಳುವ ಪ್ರಶ್ನೆ ಒಂದೇ: "ಮದುವೆಗೆ ಎಂಥ ಚಪ್ಪಲಿ ತೆಗೆದುಕೊಳ್ಳಲಿ? ಕಾಲು ನೋಯಬಾರದು, ಹೆಚ್ಚು ದುಡ್ಡೂ ಆಗಬಾರದು." ಆ ಚಪ್ಪಲಿ ನಿಮ್ಮ ಕಾಲಲ್ಲಿ ಇರುವುದು ಯಾವ ಹೊತ್ತಿನಲ್ಲಿ ಎಂದು ನಾನು ಮೊದಲು ಕೇಳುತ್ತೇನೆ. ಧಾರೆ, ಸಪ್ತಪದಿ ಎಲ್ಲವೂ ಬರಿಗಾಲಿನಲ್ಲೇ ನಡೆಯುತ್ತವೆ. ಬೆಂಗಳೂರಿನ ಮದುವೆಗಳಲ್ಲಿ ಸಾಮಾನ್ಯವಾಗಿ ಮುಹೂರ್ತದ ಹಿಂದಿನ ಸಂಜೆಯೇ ಆರತಕ್ಷತೆ ಇರುತ್ತದೆ. ಬಂದವರನ್ನೆಲ್ಲ ಮಾತನಾಡಿಸುತ್ತ, ಫೋಟೋಗೆ ನಿಲ್ಲುತ್ತ, ವಧೂವರರು ವೇದಿಕೆಯ ಮೇಲೆ ಮೂರು ಗಂಟೆ ಕಳೆಯುವುದು ಆಗಲೇ. ಆದ್ದರಿಂದ ಮದುವೆಯ ಚಪ್ಪಲಿಯನ್ನು ನಿಲ್ಲುವುದಕ್ಕೆಂದು ಕೊಳ್ಳಬೇಕು ಎಂಬುದು ನನ್ನ ಉತ್ತರ.

ನನ್ನ ಆರತಕ್ಷತೆಗೆ ನಾನು ಮೂರೂವರೆ ಅಂಗುಲದ, ಮುಂಭಾಗ ಚೂಪಾದ ಹೀಲ್ಸ್ ಹಾಕಿದ್ದೆ. ಹಿಮ್ಮಡಿ ಎತ್ತರವಾದಷ್ಟೂ ದೇಹದ ಭಾರ ಮುಂಗಾಲಿಗೆ ಸರಿಯುತ್ತದೆ. ಒಂದು ಗಂಟೆ ಕಳೆಯುವುದರೊಳಗೆ ನನ್ನ ಪಾದ ಉರಿಯಲಾರಂಭಿಸಿತ್ತು, ಮರುದಿನ ಕಾಲುಂಗುರ ತೊಡಿಸುವ ಹೊತ್ತಿಗೆ ಬೆರಳುಗಳು ಊದಿದ್ದವು. ಅಂದಿನಿಂದ ಎತ್ತರ ಬೇಕೆನ್ನುವವರಿಗೆ ಎರಡು ಅಂಗುಲ ಮೀರದ, ಅಗಲವಾದ ಬ್ಲಾಕ್ ಹೀಲ್ ಅಥವಾ ಅಟ್ಟೆಯುದ್ದಕ್ಕೂ ಇಳಿಜಾರಾಗಿ ಎತ್ತರವಿರುವ ವೆಡ್ಜ್ ಸಾಕೆಂದು ಒತ್ತಾಯ ಮಾಡಿಯೇ ಹೇಳುತ್ತೇನೆ. ಮದುವೆಯಾದ ಹೆಣ್ಣುಮಕ್ಕಳು ಇನ್ನೊಂದನ್ನೂ ಗಮನಿಸಬೇಕು: ಮುಂಭಾಗ ಮುಚ್ಚಿದ ಇಕ್ಕಟ್ಟಾದ ಶೂ ಕಾಲುಂಗುರವನ್ನು ಪಕ್ಕದ ಬೆರಳಿಗೆ ಒತ್ತುತ್ತದೆ. ಬೆರಳುಗಳಿಗೆ ಜಾಗವಿರುವ, ಹಿಂದೆ ಪಟ್ಟಿಯಿರುವ ಸ್ಯಾಂಡಲ್ ಅವರಿಗೆ ಹಿತ.

ಜಯನಗರ ನಾಲ್ಕನೇ ಬ್ಲಾಕ್ ಇರಲಿ, ಮಲ್ಲೇಶ್ವರದ ಎಂಟನೇ ಅಡ್ಡರಸ್ತೆ ಇರಲಿ, ಕಮರ್ಷಿಯಲ್ ಸ್ಟ್ರೀಟ್ ಇರಲಿ, ಅಂಗಡಿಗೆ ಸಂಜೆ ಹೋಗಿ. ದಿನವಿಡೀ ಓಡಾಡಿದ ಪಾದ ಸಂಜೆಗೆ ತುಸು ಊದಿರುತ್ತದೆ. ಬೆಳಿಗ್ಗೆ ಸರಿಹೊಂದಿದ ಚಪ್ಪಲಿ ಆರತಕ್ಷತೆಯ ಹೊತ್ತಿಗೆ ಬಿಗಿಯಾಗುವುದು ಇದರಿಂದಲೇ. ಎರಡೂ ಪಾದಗಳು ಒಂದೇ ಅಳತೆಯವಾಗಿರುವುದು ಅಪರೂಪ, ಹಾಗಾಗಿ ದೊಡ್ಡ ಪಾದಕ್ಕೆ ಹೊಂದುವುದನ್ನೇ ಆರಿಸಿ, ಗಟ್ಟಿ ನೆಲದ ಮೇಲೆ ಹತ್ತು ನಿಮಿಷ ಸುಮ್ಮನೆ ನಿಂತು ನೋಡಿ. ಅಂಗಡಿಯವರು ಅವಸರಪಡಿಸಿದರೂ ಕುಳಿತುಬಿಡಬೇಡಿ.

ಬೆಲೆಯ ವಿಷಯದಲ್ಲಿ ನನ್ನ ಅಭಿಪ್ರಾಯ ಖಚಿತವಾಗಿದೆ. ರೇಷ್ಮೆ ಸೀರೆಯ ಕೆಳಗೆ ಚಪ್ಪಲಿ ಕಾಣುವುದೇ ಸ್ವಲ್ಪ, ಆದ್ದರಿಂದ ಹರಳು, ಮಣಿಗಳಿಗೆ ಕೊಡುವ ಹಣವನ್ನು ಮೆತ್ತನೆಯ ಅಟ್ಟೆಗೆ ಕೊಡಿ. ಮಂಕಾದ ಚಿನ್ನದ ಬಣ್ಣ ಎಲ್ಲ ಸೀರೆಗಳಿಗೂ ಹೊಂದುವುದರಿಂದ ಒಂದೇ ಜೊತೆ ಹತ್ತು ಮದುವೆಗಳಿಗೆ ಬರುತ್ತದೆ. ಆಷಾಢದಲ್ಲಿ ಮದುವೆಗಳಿಲ್ಲದೆ ಅಂಗಡಿಗಳು ರಿಯಾಯಿತಿ ಹಾಕುವಾಗಲೇ ಕೊಂಡಿಟ್ಟರೆ ಇನ್ನೂ ಒಳ್ಳೆಯದು.

ಪಂಚೆ ಉಡುವ ಗಂಡಸರಿಗೂ ಅತಿಥಿಗಳಾಗಿ ಹೋಗುವವರಿಗೂ ನಾನು ಸೂಚಿಸುವುದು ಕೊಲ್ಹಾಪುರಿ. ಹೆಸರು ಮಹಾರಾಷ್ಟ್ರದ ಊರಿನದಾದರೂ ನಮ್ಮ ಬೆಳಗಾವಿ ಜಿಲ್ಲೆಯ ಅಥಣಿಯಲ್ಲೂ ಅದನ್ನು ಕೈಯಿಂದಲೇ ಹೊಲಿಯುತ್ತಾರೆ. ಇಂಥ ಪ್ರದೇಶದ್ದೇ ವಿಶಿಷ್ಟ ಉತ್ಪನ್ನ ಎಂದು ಗುರುತಿಸುವ, 2019ರಲ್ಲಿ ಅದಕ್ಕೆ ದೊರೆತ ಭೌಗೋಳಿಕ ಸೂಚಕದ (ಜಿಐ) ಮಾನ್ಯತೆಯಲ್ಲಿ ಬೆಳಗಾವಿ, ಬಾಗಲಕೋಟೆ, ಧಾರವಾಡ, ವಿಜಯಪುರ ಜಿಲ್ಲೆಗಳೂ ಸೇರಿವೆ. ಬೆಂಗಳೂರಿನಲ್ಲಿ ರಾಜ್ಯ ಸರ್ಕಾರದ ಚರ್ಮೋದ್ಯಮ ನಿಗಮವಾದ ಲಿಡ್ಕರ್ ಮಳಿಗೆಗಳಲ್ಲಿ ವಿಚಾರಿಸಬಹುದು. ಮಂಟಪದ ಬಳಿ ಮತ್ತೆ ಮತ್ತೆ ಬಿಚ್ಚಿ ಹಾಕಲು ಇದಕ್ಕಿಂತ ಸುಲಭವಾದದ್ದಿಲ್ಲ. ಆದರೆ ಅದರ ಅಟ್ಟೆ ಗಟ್ಟಿಯಾಗಿರುವುದರಿಂದ ಮೂರು ಗಂಟೆ ನಿಲ್ಲಬೇಕಾದ ಮದುಮಗಳಿಗೆ ನಾನು ಹೇಳುವುದಿಲ್ಲ. ಹೊಸ ತೊಗಲು ಕಚ್ಚುತ್ತದೆ. ಉಂಗುಷ್ಠದ ಜಾಗಕ್ಕೆ ತುಸು ಕೊಬ್ಬರಿ ಎಣ್ಣೆ ಸವರಿ, ಹದಿನೈದು ದಿನ ಮೊದಲಿನಿಂದ ಮನೆಯೊಳಗೆ ಹಾಕಿಕೊಂಡು ಓಡಾಡಿ.

ಲೆಹೆಂಗಾದ ಉದ್ದ ಅಳತೆ ಕೊಡುವಾಗ ಅದೇ ಚಪ್ಪಲಿ ಕಾಲಲ್ಲಿರಲಿ, ಸೀರೆಯನ್ನೂ ಚಪ್ಪಲಿ ಹಾಕಿಕೊಂಡೇ ಉಡಿ. ಕಲ್ಯಾಣ ಮಂಟಪಗಳ ಗ್ರಾನೈಟ್ ನೆಲ ನುಣುಪಾಗಿರುವುದರಿಂದ, ಅಟ್ಟೆ ಜಾರುವಂತಿದ್ದರೆ ಚಪ್ಪಲಿ ರಿಪೇರಿ ಮಾಡುವವರಲ್ಲಿ ಕೊಟ್ಟು ಅಡಿಗೆ ತೆಳುವಾದ ರಬ್ಬರ್ ಹಾಳೆ ಅಂಟಿಸಿಕೊಳ್ಳಿ.