ಪವಿತ್ರ ಗುರುವಾರದ ಬಟ್ಟಲು

ಯೇಸು ಶಿಷ್ಯರೊಡನೆ ಕೊನೆಯ ಊಟ ಮಾಡಿದ್ದನ್ನು ಸ್ಮರಿಸುವ ಪವಿತ್ರ ಗುರುವಾರದ ಹಿಂದಿನ ರಾತ್ರಿ ನಮ್ಮ ಮನೆಯಲ್ಲಿ ಒಣದ್ರಾಕ್ಷಿ ನೆನೆಯುತ್ತದೆ. ಕಪ್ಪು ಒಣದ್ರಾಕ್ಷಿಯನ್ನು ಮೂರು ನೀರಿನಲ್ಲಿ ತೊಳೆದು ನೆನೆಹಾಕುತ್ತೇನೆ. ಬೆಳಿಗ್ಗೆ ಐದಕ್ಕೆ ಎದ್ದು ಸಣ್ಣ ಉರಿಯಲ್ಲಿ ಕುದಿಸುತ್ತೇನೆ. ಹಣ್ಣು ಉಬ್ಬಿ ಸಿಪ್ಪೆ ಬಿರಿಯುವ ಹೊತ್ತಿಗೆ ಇಳಿಸಿ, ಆರಿದ ಮೇಲೆ ಕೈಯಿಂದ ಹಿಸುಕಿ, ಬಿಳಿ ಬಟ್ಟೆಯಲ್ಲಿ ಸೋಸುತ್ತೇನೆ. ಸಕ್ಕರೆ ಹಾಕುವುದಿಲ್ಲ. ಆ ಬಟ್ಟೆಯ ಕಲೆ ಎಷ್ಟು ಒಗೆದರೂ ಹೋಗಿಲ್ಲ. ಅದು ನಮ್ಮ ಆಯಿಯ ಕಾಲದ ಬಟ್ಟೆ. ಸೋಸಿದ ರಸವನ್ನು ಬಾಟಲಿಗೆ ತುಂಬಿ, ಮಧ್ಯಾಹ್ನದ ಬಸ್ಸಿಗೆ ಬೀದರಿನಿಂದ ಹುಮನಾಬಾದ್ ಕಡೆಯ ನಮ್ಮ ಊರಿಗೆ ಹೊರಡುತ್ತೇನೆ.

ಇದು ಆಯಿ ಹೊತ್ತ ಹರಕೆ. ನನ್ನ ತಂದೆ ನಾಲ್ಕು ವರ್ಷದವರಿದ್ದಾಗ ಜ್ವರ ಇಳಿಯದೆ ಮಾತು ನಿಂತುಹೋಗಿತ್ತಂತೆ. ಎತ್ತಿನ ಗಾಡಿಯಲ್ಲಿ ಮಲಗಿಸಿಕೊಂಡು ಮಿಷನ್ ಆಸ್ಪತ್ರೆಗೆ ಹೊರಟಾಗ ದಾರಿಯಲ್ಲೇ ಆಯಿ ಹೇಳಿಕೊಂಡಳು: ಮಗ ಉಳಿದರೆ ಕರ್ತನ ಭೋಜನದ ರಸ ಪ್ರತಿವರ್ಷ ನನ್ನ ಮನೆಯಿಂದ, ನನ್ನ ಕೈ ಸೋತ ಮೇಲೆ ನನ್ನ ಮಕ್ಕಳ ಕೈಯಿಂದ. ಆ ಕೊನೆಯ ಊಟದ ನೆನಪಿಗೆ ಸಭೆಯಲ್ಲಿ ರೊಟ್ಟಿ, ದ್ರಾಕ್ಷಿರಸ ಹಂಚಿಕೊಳ್ಳುವುದೇ ಕರ್ತನ ಭೋಜನ. ಪ್ರಾಟೆಸ್ಟಂಟ್ ಶಾಖೆಯಾದ ನಮ್ಮ ಮೆಥೋಡಿಸ್ಟ್ ಸಭೆಗಳಲ್ಲಿ ಹರಕೆ ಎಂಬ ಮಾತನ್ನು ಒಪ್ಪದವರಿದ್ದಾರೆ. ಅವರಿಗೆ ಆಯಿ ಕೊಡುತ್ತಿದ್ದ ಉತ್ತರವನ್ನೇ ನಾನೂ ಕೊಡುತ್ತೇನೆ: ಬೈಬಲಿನ ಹನ್ನಳು ಹರಕೆ ಹೊತ್ತೇ ಅಲ್ಲವೇ ಸಮುವೇಲನನ್ನು ಪಡೆದದ್ದು?

ರಸ ಹುಳಿಯಬಾರದು ಎಂಬುದು ಮೆಥೋಡಿಸ್ಟರ ಕಟ್ಟುನಿಟ್ಟು. 1869ರಲ್ಲಿ ಅಮೆರಿಕದ ಥಾಮಸ್ ವೆಲ್ಚ್ ಎಂಬ ಮೆಥೋಡಿಸ್ಟ್, ದ್ರಾಕ್ಷಿರಸವನ್ನು ಕಾಯಿಸಿ ಹುಳಿಯದಂತೆ ಇಡುವ ವಿಧಾನ ಕಂಡುಕೊಂಡದ್ದು ಕರ್ತನ ಮೇಜಿನಲ್ಲಿ ಮದ್ಯ ಬೇಡವೆಂದೇ. ಆಯಿಗೆ ಆ ಹೆಸರು ಗೊತ್ತಿರಲಿಲ್ಲ. ಕುಡಿತದಿಂದ ಹಾಳಾದ ಮನೆಗಳು ಮಾತ್ರ ಅವಳಿಗೆ ಚೆನ್ನಾಗಿ ಗೊತ್ತಿದ್ದವು.

ಬಸ್ಸಿನಲ್ಲಿ ಬಾಟಲಿಯನ್ನು ಮಡಿಲಲ್ಲಿ ಇಟ್ಟುಕೊಂಡು ಕುಳಿತಾಗ ಈ ಬಟ್ಟಲು ನಡೆದು ಬಂದ ದಾರಿ ನೆನಪಾಗುತ್ತದೆ. ಕ್ರೈಸ್ತ ಧರ್ಮದ ಎರಡು ಸಾವಿರ ವರ್ಷಗಳ ಚರಿತ್ರೆಯನ್ನು ರಾಜರ, ಪೋಪರ ಕಥೆಯಾಗಿ ಹೇಳುವವರು ಬಹಳ. ನನಗೆ ಅದು ಯಾರ ಪಕ್ಕದಲ್ಲಿ ಯಾರು ಕುಳಿತು ಉಂಡರು ಎಂಬ ಕಥೆಯಾಗಿಯೇ ಕಾಣುತ್ತದೆ.

ಮೊದಲಿಗೆ ದೇವಾಲಯಗಳೇ ಇರಲಿಲ್ಲ, ಮನೆಗಳಲ್ಲಿ ಸೇರುತ್ತಿದ್ದರು. ಗ್ರೀಸಿನ ಕೊರಿಂಥದ ಸಭೆಯಲ್ಲಿ ಉಳ್ಳವರು ಮೊದಲೇ ಬಂದು ಉಂಡು ಅಮಲೇರಿ ಕೂರುತ್ತಿದ್ದರು. ದುಡಿದು ತಡವಾಗಿ ಬಂದವರಿಗೆ ಹಸಿವೇ ಗತಿ. ಬಡವರನ್ನು ನಾಚಿಕೆಪಡಿಸುತ್ತೀರಾ ಎಂದು ಅಪೊಸ್ತಲ ಪೌಲನು ಅವರಿಗೆ ಸಿಟ್ಟಿನಿಂದ ಬರೆದ. ಅಂದರೆ ಪಂಕ್ತಿಭೇದ ಹುಟ್ಟಿದ್ದೂ ಅಲ್ಲಿಯೇ, ಅದನ್ನು ತಡೆಯುವ ಮಾತು ಹುಟ್ಟಿದ್ದೂ ಅಲ್ಲಿಯೇ. ಕ್ರಿ.ಶ. 112ರ ಸುಮಾರಿಗೆ ರೋಮನ್ ಅಧಿಕಾರಿ ಪ್ಲಿನಿ ತನ್ನ ಚಕ್ರವರ್ತಿ ಟ್ರಾಜನ್‌ಗೆ ಒಂದು ಪತ್ರ ಬರೆದಿದ್ದಾನೆ. ಈ ಜನ ನಸುಕಿನಲ್ಲಿ ಸೇರಿ ಕ್ರಿಸ್ತನಿಗೆ ಹಾಡುತ್ತಾರೆ, ಆಮೇಲೆ ಮತ್ತೆ ಸೇರಿ ಸಾಧಾರಣ ಊಟ ಮಾಡುತ್ತಾರೆ, ನಿಜ ತಿಳಿಯಲು ಇಬ್ಬರು ದಾಸಿಯರಿಗೆ ಚಿತ್ರಹಿಂಸೆ ಕೊಡಿಸಿದೆ ಎನ್ನುತ್ತಾನೆ. ಆ ದಾಸಿಯರು ಸಭೆಯ ಸೇವಕಿಯರು. ಅವರ ಹೆಸರನ್ನು ಅವನು ಬರೆಯಲಿಲ್ಲ. ದ್ರಾಕ್ಷಿ ಹಿಸುಕುವಾಗ ಆ ಇಬ್ಬರು ಹೆಂಗಸರನ್ನು ನಾನು ನೆನೆಯುತ್ತೇನೆ. ಅವರ ಕೈಯೂ ಹೀಗೆಯೇ ಕಪ್ಪಾಗಿರಬೇಕು.

313ರಲ್ಲಿ ರೋಮನ್ ಚಕ್ರವರ್ತಿ ಕಾನ್‌ಸ್ಟಂಟೈನನ ಕಾಲಕ್ಕೆ ಹಿಂಸೆ ನಿಂತಿತು. 380ರಲ್ಲಿ ಥಿಯೊಡೋಸಿಯಸ್ ಇದನ್ನೇ ಸಾಮ್ರಾಜ್ಯದ ಧರ್ಮವಾಗಿಸಿದ. ಅಡಗಿ ಉಣ್ಣುತ್ತಿದ್ದವರಿಗೆ ಅಧಿಕಾರ ಬಂತು, ಮನೆಯ ಮೇಜು ಎತ್ತರದ ಪೀಠವಾಯಿತು. ಮುಂದೆ ಪಶ್ಚಿಮ ಯುರೋಪಿನಲ್ಲಿ ಸಾಮಾನ್ಯ ಜನರಿಗೆ ಬಟ್ಟಲು ಕೊಡುವುದೇ ನಿಂತು, ಗುರುಗಳು ಮಾತ್ರ ಕುಡಿಯುವಂತಾಯಿತು. 1415ರಲ್ಲಿ ಕಾನ್‌ಸ್ಟನ್ಸ್ ಊರಿನಲ್ಲಿ ಸೇರಿದ ಧರ್ಮಗುರುಗಳ ಮಹಾಸಭೆ ಅದನ್ನೇ ಕಟ್ಟಳೆ ಮಾಡಿತು. ಅದೇ ಬೇಸಿಗೆಯಲ್ಲಿ, ಅದೇ ಊರಿನಲ್ಲಿ, ಬೊಹೀಮಿಯದ ಸುಧಾರಕ ಗುರು ಯಾನ್ ಹುಸ್‌ನನ್ನು ಜೀವಂತ ಸುಟ್ಟರು. ಅವನ ಜನ ಬಟ್ಟಲಿನ ಚಿತ್ರವನ್ನೇ ಬಾವುಟಕ್ಕೆ ಬರೆದು ಯುದ್ಧಕ್ಕೆ ನಿಂತರು. ಪ್ರೀತಿಗಾಗಿ ಇಟ್ಟ ಬಟ್ಟಲಿಗಾಗಿ ರಕ್ತ ಹರಿಯಿತೆಂಬುದು ನನ್ನನ್ನು ಇಂದಿಗೂ ಕಲಕುತ್ತದೆ. ಆದರೆ ಬಟ್ಟಲು ನಮಗೂ ಬೇಕು ಎಂದು ಕೇಳಿದ ಆ ರೈತರ ಹಟವನ್ನು ನಾನು ಬಲ್ಲೆ.

ನಮ್ಮ ದೇಶದಲ್ಲಿ ಇದಕ್ಕೆ ಜಾತಿಯೂ ಸೇರಿತು. ದಕ್ಷಿಣದ ಎಷ್ಟೋ ಹಳೆಯ ಸಭೆಗಳಲ್ಲಿ ಜಾತಿಗೊಂದು ಸಾಲಿತ್ತು. 1833ರಲ್ಲಿ ಕಲ್ಕತ್ತೆಯ ಬಿಷಪ್ ಡೇನಿಯಲ್ ವಿಲ್ಸನ್ ಸಭೆಯವರು ಜಾತಿಯನ್ನು ತೊರೆಯಲೇಬೇಕು, ಕೂಡಲೇ ತೊರೆಯಬೇಕು ಎಂದು ಪತ್ರ ಕಳುಹಿಸಿದಾಗ ಅನೇಕರು ಸಭೆಯನ್ನೇ ಬಿಟ್ಟು ಹೋದರು. ಆ ಕಾಲಕ್ಕಾಗಲೇ ಬಳ್ಳಾರಿಯಲ್ಲಿ ಜಾನ್ ಹ್ಯಾಂಡ್ಸ್ ಮತ್ತು ಜೊತೆಗಾರರ ದುಡಿಮೆಯಿಂದ ಕನ್ನಡ ಬೈಬಲ್ ಅಚ್ಚಾಗಿತ್ತು. ನಮ್ಮ ಕಡೆಗೆ ಅಮೆರಿಕದ ಮೆಥೋಡಿಸ್ಟ್ ಮಿಷನ್ ಬಂದದ್ದು ಆ ಶತಮಾನದ ಕೊನೆಯ ದಶಕಗಳಲ್ಲಿ, ನಿಜಾಮರ ಆಳ್ವಿಕೆಯಲ್ಲಿ. ಶಾಲೆ, ಆಸ್ಪತ್ರೆ ಎಲ್ಲ ಅದರ ಹಿಂದೆ ಬಂದವು. ಆಯಿಯ ಮಾತಿನಲ್ಲಿ ಮಾತ್ರ ಅವು ಮೊದಲು ಬರುತ್ತಿರಲಿಲ್ಲ. ಅವಳು ಹೇಳುತ್ತಿದ್ದದ್ದು ಬಟ್ಟಲಿನ ಸುದ್ದಿ.

ನಮ್ಮ ಊರಿನ ಚಹಾದಂಗಡಿಯಲ್ಲಿ ನಮ್ಮವರ ಕಪ್-ಬಸಿ ಹೊರಗಿನ ಸೂರಿನ ಸಂದಿಯಲ್ಲಿ ಇರುತ್ತಿತ್ತು. ಕುಡಿದು, ತಾವೇ ತೊಳೆದು, ಅಲ್ಲಿಯೇ ಸಿಕ್ಕಿಸಬೇಕು. ನಮ್ಮ ಕೇರಿಯಲ್ಲೂ ಎರಡು ಪಂಗಡ, ಒಂದರ ಮನೆಯ ನೀರನ್ನು ಇನ್ನೊಂದು ಮುಟ್ಟುತ್ತಿರಲಿಲ್ಲ. ಅಂಥ ಊರಿನಲ್ಲಿ ಆಯಿಯ ತಾಯಿ ಮೊದಲ ಸಲ ಮೊಣಕಾಲೂರಿದಾಗ ಒಂದೇ ಕಂಚಿನ ಬಟ್ಟಲು ಎರಡೂ ಪಂಗಡದವರ ತುಟಿ ದಾಟಿ ಅವಳ ಬಳಿಗೆ ಬಂತಂತೆ. ಅವಳ ಕೈ ನಡುಗಿತು. ಅವಳು ಕುಡಿದ ಮೇಲೆ ಉಳಿದದ್ದನ್ನು ಬಿಳಿಯ ಮಿಷನರಿ ದೊರೆ ಕುಡಿದ. ಕಲ್ಯಾಣ ನಮ್ಮ ಜಿಲ್ಲೆಯದೇ. ಹರಳಯ್ಯ, ಮಧುವರಸರು ಬೀಗರಾದಾಗ ಏನಾಯಿತೆಂದು ಇಲ್ಲಿ ಮಕ್ಕಳಿಗೂ ಗೊತ್ತು. ಅಂಥ ನೆಲದಲ್ಲಿ ಬಟ್ಟಲೊಂದು ಕೈ ಬದಲಿಸುವುದು ಸಣ್ಣ ಸಂಗತಿ ಆಗಿರಲಿಲ್ಲ.

ಇಂದು ಮಿಷನ್ ಶಾಲೆ ಒಂದೇ ಶಾಲೆಯಲ್ಲ, ಮಿಷನ್ ಆಸ್ಪತ್ರೆ ಒಂದೇ ಆಸ್ಪತ್ರೆಯಲ್ಲ. 1981ರಿಂದ ನಮ್ಮ ಸಭೆ ಅಮೆರಿಕದ ಅಂಗವಾಗಿಯೂ ಉಳಿದಿಲ್ಲ. ದೊರೆಗಳು ಹೋಗಿ ಬಹಳ ಕಾಲವಾಯಿತು. ಕಾಗದದ ಗಂಟು ಮಾತ್ರ ಬಿಚ್ಚಿಲ್ಲ. 1950ರ ರಾಷ್ಟ್ರಪತಿಗಳ ಆದೇಶದ ಪರಿಶಿಷ್ಟ ಜಾತಿಯ ಪಟ್ಟಿಗೆ 1956ರಲ್ಲಿ ಸಿಖ್ಖರು, 1990ರಲ್ಲಿ ಬೌದ್ಧರು ಸೇರಿದರು, ಕ್ರೈಸ್ತರಾದ ದಲಿತರು ಇಂದಿಗೂ ಹೊರಗೇ. ಸೂರಿನ ಸಂದಿಯ ಬಸಿ ಧರ್ಮ ಕೇಳಿರಲಿಲ್ಲ, ಮೀಸಲಾತಿಯ ಅರ್ಜಿ ಕೇಳುತ್ತದೆ. ಮಗುವಿನ ಓದಿಗಾಗಿ ಅರ್ಜಿಯಲ್ಲಿ ಒಂದು, ಎದೆಯಲ್ಲಿ ಒಂದು ಎಂದು ಬದುಕುವವರನ್ನು ನಾನು ಎಂದೂ ದೂಷಿಸಲಾರೆ. ಸಭೆಯೊಳಗಿನ ನೋವು ಅದಕ್ಕಿಂತ ಹತ್ತಿರದ್ದು. ನೌಕರಿ ಹಿಡಿದ ಮನೆತನಗಳಿಗೆ ಮುಂದಿನ ಬೆಂಚು, ಮದುವೆಯ ಮಾತು ಬಂದಾಗ ಮತ್ತೆ ಅದೇ ಎರಡು ಪಂಗಡ. ಕೊರಿಂಥಕ್ಕೆ ಬಂದ ಪತ್ರ ನಮ್ಮ ಊರಿಗೂ ಬಂದದ್ದೇ.

ಪಟ್ಟಣದ ದೇವಾಲಯದಲ್ಲಿ ಈಗ ಒಬ್ಬೊಬ್ಬರಿಗೆ ಒಂದೊಂದು ಪುಟ್ಟ ಗಾಜಿನ ಲೋಟ. ಆರೋಗ್ಯಕ್ಕೆ ಒಳ್ಳೆಯದೇ, ನಾನು ತಕರಾರು ಮಾಡುವುದಿಲ್ಲ. ಆದರೆ ಹಳ್ಳಿಯ ಸಭೆಯಲ್ಲಿ ಇನ್ನೂ ಕಂಚಿನ ಬಟ್ಟಲಿದೆ. ಈಗ ಎಲ್ಲರೂ ರೊಟ್ಟಿಯ ಚೂರನ್ನು ಅದರಲ್ಲಿ ಅದ್ದಿ ತಿನ್ನುತ್ತಾರೆ.

ಈ ವರ್ಷ ನಾನು ತಲುಪುವ ಹೊತ್ತಿಗೆ ದೀಪ ಹಚ್ಚುವ ವೇಳೆಯಾಗಿತ್ತು. ಪಾಸ್ಟರ್ ಇನ್ನೆರಡು ಊರಿನ ಆರಾಧನೆ ಮುಗಿಸಿ ಮೋಟಾರ್ ಸೈಕಲ್ ಮೇಲೆ ಬಂದರು. ಹಾರ್ಮೋನಿಯಂ, ತಬಲಾ, ತಾಳ ಸಿದ್ಧವಾಗಿದ್ದವು. ಬೇಕರಿಯ ಬ್ರೆಡ್ ತರಬೇಕಾದವರು ಮರೆತಿದ್ದರು. ಒಂದು ಕ್ಷಣ ಎಲ್ಲರೂ ಮುಖ ಮುಖ ನೋಡಿಕೊಂಡರು. ಆಗ ಹಿಂದಿನ ಚಾಪೆಯಿಂದ ಒಬ್ಬ ಮುದುಕಿ ಎದ್ದು ಮನೆಗೆ ಹೋಗಿ ಜೋಳದ ಕಟಕು ರೊಟ್ಟಿ ತಂದಳು. ಅವಳು ಆ ಇನ್ನೊಂದು ಪಂಗಡದವಳು. ನನ್ನ ಬಾಲ್ಯದಲ್ಲಿ ನಮ್ಮ ದೊಡ್ಡಪ್ಪ ಅವರ ಮನೆಯಲ್ಲಿ ಊಟ ಮಾಡುತ್ತಿರಲಿಲ್ಲ, ಪ್ರತಿ ಭಾನುವಾರ ದೇವಾಲಯಕ್ಕೆ ಮಾತ್ರ ತಪ್ಪದೆ ಬರುತ್ತಿದ್ದ.

ಕನ್ನಡ ಬೈಬಲಿನಲ್ಲಿ ಆ ರಾತ್ರಿಯ ಊಟಕ್ಕೆ ರೊಟ್ಟಿ ಎಂಬ ಮಾತೇ ಇದೆ. ಚಿಕ್ಕವಳಿದ್ದಾಗ ಯೇಸು ಸ್ವಾಮಿ ಮುರಿದದ್ದು ಜೋಳದ ರೊಟ್ಟಿಯೇ ಎಂದು ನಾನು ನಂಬಿದ್ದೆ. ಪಾಸ್ಟರ್ ರೊಟ್ಟಿಯನ್ನು ಎರಡೂ ಕೈಗಳಲ್ಲಿ ಎತ್ತಿ, ಸ್ತೋತ್ರಮಾಡಿ, ಮುರಿದರು. ಪಟ್ಟನೆ ಸದ್ದಾಯಿತು. ಚೂರೊಂದು ಚಾಪೆಗೆ ಬಿತ್ತು. ದೊಡ್ಡಪ್ಪನ ಮಗ ಬಗ್ಗಿ ಅದನ್ನು ಎತ್ತಿ, ಕಣ್ಣಿಗೆ ಒತ್ತಿಕೊಂಡು, ಬಾಯಿಗೆ ಹಾಕಿಕೊಂಡ.