ಎಗೋನ್ ಅಲ್ಲ, ಇವೊನ್

ಡೆನ್ಮಾರ್ಕಿನ ಓಲ್ಸೆನ್ ಗ್ಯಾಂಗ್ ಸಿನಿಮಾಗಳನ್ನು ನೋಡಿ ಅಂತ ಗೆಳೆಯರ ಬೆನ್ನು ಹತ್ತುವುದು ನನ್ನ ಹಳೇ ಚಾಳಿ. ಒಂದೆರಡು ನೋಡಿದವರೆಲ್ಲ ಕೇಳುವುದು ಒಂದೇ: ‘ಆ ಮೂವರು ಕಳ್ಳರಲ್ಲಿ ನಿಂಗೆ ಯಾರು ಇಷ್ಟ? ಎಗೋನ್ ತಾನೇ?’

ಅಲ್ಲ. ನನಗಿಷ್ಟ ಆ ಮೂವರಲ್ಲೊಬ್ಬನಾದ ಕೆಲ್‌ನ ಹೆಂಡತಿ, ಇವೊನ್.

ಕತೆ ಗೊತ್ತಿಲ್ಲದವರಿಗೆ ಚಿಕ್ಕದಾಗಿ ಹೇಳುತ್ತೇನೆ. ಎಗೋನ್ ಓಲ್ಸೆನ್ ಜೈಲಿನಿಂದ ಬರುತ್ತಾನೆ. ತಲೆ ಮೇಲೆ ಗುಂಡು ಟೋಪಿ, ಬಾಯಲ್ಲಿ ಚುಟ್ಟಾ, ಜೊತೆಗೊಂದು ಭರ್ಜರಿ ಪ್ಲಾನ್. ಬೆನ್ನಿ, ಕೆಲ್ ಇಬ್ಬರನ್ನೂ ಕಟ್ಟಿಕೊಂಡು ಸೆಕೆಂಡು ಸೆಕೆಂಡಿನ ಲೆಕ್ಕದಲ್ಲಿ ದೋಚುತ್ತಾನೆ. ಕೊನೆಗೆ ಕೈಯಲ್ಲಿ ಏನೂ ಉಳಿಯುವುದಿಲ್ಲ. ಬಹುತೇಕ ಮತ್ತೆ ಜೈಲು.

ಇವೊನ್ ಪಾತ್ರ ಕಾಗದದ ಮೇಲೆ ಏನೂ ಅಲ್ಲ. ಗಂಡನನ್ನು ಗದರುವ ಹೆಂಡತಿ, ಅಷ್ಟೇ. ಇಂಥ ಪಾತ್ರ ಯಾವ ಭಾಷೆಯ ಕಾಮಿಡಿಯಲ್ಲಿ ಇಲ್ಲ ಹೇಳಿ? ಆದರೆ ಆ ಪಾತ್ರ ಮಾಡಿದ ನಟಿ ಕಿರ್ಸ್ಟನ್ ವಾಲ್ಟರ್ ಒಂದು ಕೆಲಸ ಮಾಡಿದರು. ನಗಿಸಲು ಹೋಗಲೇ ಇಲ್ಲ. ಅವರ ಇವೊನ್‌ಗೆ ತಾನು ಕಾಮಿಡಿಯಲ್ಲಿದ್ದೇನೆ ಅನ್ನುವುದೇ ಗೊತ್ತಿಲ್ಲ. ಕಳ್ಳತನ ತಪ್ಪು ಅಂತ ಅವಳು ಹೇಳುವುದಿಲ್ಲ. ಇಷ್ಟು ಕದ್ದು ಮನೆಗೆ ಏನು ಬಂತು ಅಂತ ಕೇಳುತ್ತಾಳೆ! ಅವಳಿಗೆ ಸ್ಪೇನಿನ ಮಲ್ಲೋರ್ಕಾ ದ್ವೀಪಕ್ಕೆ ಹೋಗಬೇಕು, ಒಳ್ಳೇ ಬಟ್ಟೆ ಬೇಕು. ನ್ಯಾಯವೇ ಅಲ್ವಾ? ಬರ್ಲಿನ್ನಿನ ಫ್ರಾಂಜ್ ಯೇಗರ್ ಕಂಪನಿಯ ತಿಜೋರಿಯನ್ನು ಕಿವಿಗೊಟ್ಟು ಕೇಳಿಯೇ ತೆರೆಯುವ ಎಗೋನ್‌ಗೆ ಇವೊನ್‌ಳ ಬಾಯಿ ಮುಚ್ಚಿಸುವುದು ಮಾತ್ರ ಬರುವುದಿಲ್ಲ. ನನಗೆ ಡ್ಯಾನಿಶ್ ಬಾರದು. ಆದರೂ ವಾಲ್ಟರ್ ಅವರ ದನಿ ಏರಿತು ಅಂದರೆ ಈ ಸಲ ಬೈಗುಳ ಯಾರಿಗೆ ಅಂತ ಸಬ್‌ಟೈಟಲ್ ಬರುವ ಮೊದಲೇ ತಿಳಿಯುತ್ತದೆ.

ವಾಲ್ಟರ್ ಹುಟ್ಟಿದ್ದು 1933ರಲ್ಲಿ. 1968ರ ಮೊದಲ ಸಿನಿಮಾದಿಂದಲೇ ಇವೊನ್ ಅವರೇ. ನಿರ್ದೇಶಕ ಎರಿಕ್ ಬಾಲಿಂಗ್, ಕತೆಯಲ್ಲಿ ಅವರ ಜೊತೆಗಾರ ಹೆನ್ನಿಂಗ್ ಬಾಸ್. 1981ರ ಹೊತ್ತಿಗೆ ಇವರ ಸರಣಿಯಲ್ಲಿ 13 ಸಿನಿಮಾ ಬಂದಿದ್ದವು. ನಡುವೆ ‘ಹೂಸೆಟ್ ಪೋ ಕ್ರಿಸ್ಟಿಯಾನ್ಸ್‌ಹಾನ್’ ಅನ್ನುವ ಟೀವಿ ಧಾರಾವಾಹಿಯಲ್ಲೂ ವಾಲ್ಟರ್ ಇದ್ದರು. 1975ರಲ್ಲಿ ಇವೊನ್ ಪಾತ್ರಕ್ಕೇ ಅವರಿಗೆ ಪೋಷಕ ನಟಿ ಬೋಡಿಲ್ ಪ್ರಶಸ್ತಿ ಬಂತು. ಅದು ಡೆನ್ಮಾರ್ಕಿನ ಸಿನಿಮಾ ವಿಮರ್ಶಕರು ಕೊಡುವ ಪ್ರಶಸ್ತಿ. ಜನ ಸುಮ್ನೆ ನಕ್ಕು ಬರುವ ಸಿನಿಮಾದ ಬಾಯಿಬಡುಕಿ ಹೆಂಡತಿಗೆ ವಿಮರ್ಶಕರೇ ಕರೆದು ಪ್ರಶಸ್ತಿ ಕೊಟ್ಟದ್ದು ನನಗಂತೂ ಬಹಳ ಖುಷಿ.

ನಾರ್ವೆಯವರು ಇದೇ ಗ್ಯಾಂಗನ್ನು ತಮ್ಮ ನಟರನ್ನು ಹಾಕಿಕೊಂಡು ಮಾಡಿದಾಗಲೂ ಈ ಹೆಂಡತಿಯನ್ನು ಬಿಡಲಾಗಲಿಲ್ಲ. ಅಲ್ಲಿ ಅವಳ ಹೆಸರು ವಾಲ್ಬೋರ್ಗ್. ಔಡ್ ಶೋನೆಮಾನ್ ಮಾಡಿದರು. ಚೆನ್ನಾಗಿಯೇ ಮಾಡಿದರು ಅನ್ನಿ.

ವಾಲ್ಟರ್ 1987ರಲ್ಲಿ ತೀರಿಕೊಂಡರು. ಆಗ ಅವರಿಗೆ ಬರೀ 53. 1998ರಲ್ಲಿ ಡೆನ್ಮಾರ್ಕಿನ ಗ್ಯಾಂಗ್ ಮತ್ತೊಮ್ಮೆ ತೆರೆಗೆ ಬಂತು. ಎಗೋನ್ ಆಗಿ ಓವೆ ಸ್ಪ್ರೋಗೆ ಇದ್ದರು, ಬೈಗುಳವೂ ಇತ್ತು. ಅದನ್ನು ಒಂದು ಸಲ ನೋಡಿದೆ. ಉಳಿದವನ್ನು ಎಷ್ಟು ಸಲ ನೋಡಿದ್ದೇನೋ ಲೆಕ್ಕವಿಲ್ಲ.