ಸಿಟ್ಟಿಗಿಂತ ಪೀಸ್‌ರೇಟ್ ಲೆಕ್ಕಾನೇ ನಂಗಿಷ್ಟ

ಬ್ರಿಟನ್ನಿನ ಕೆಲಸಗಾರ ವರ್ಗದ ಹುಡುಗ್ರು ಹುಡುಗೀರ ಬಗ್ಗೆ ಬಂದ ನಾಟಕ, ಕಾದಂಬರಿ ಅಂದ್ರೆ ಎಲ್ರೂ ಶುರು ಮಾಡೋದು ನಾಟಕಕಾರ ಜಾನ್ ಆಸ್ಬೋರ್ನ್ ಇಂದಾನೇ. 1956ರ ಮೇ 8, ಲಂಡನ್ನಿನ ರಾಯಲ್ ಕೋರ್ಟ್ ಥಿಯೇಟರ್, 'ಲುಕ್ ಬ್ಯಾಕ್ ಇನ್ ಆ್ಯಂಗರ್' ನಾಟಕದ ಮೊದಲ ಪ್ರದರ್ಶನ, ಅಲ್ಲಿಂದ ಹುಟ್ಕೊಂಡ 'ಸಿಟ್ಟಿನ ಯುವಕರು' ಅನ್ನೋ ಲೇಬಲ್ಲು. ಅದೆಲ್ಲ ಸರಿ, ಇತಿಹಾಸ, ಯಾರೂ ಇಲ್ಲ ಅನ್ನಲ್ಲ. ಆದ್ರೆ ಈಗ ಕೂತು ಓದಿದ್ರೆ ಅದರ ಹೀರೋ ಜಿಮ್ಮಿ ಪೋರ್ಟರ್ ನಂಗೆ ತಲೆನೋವು ತರಿಸ್ತಾನೆ. ಯೂನಿವರ್ಸಿಟಿ ಓದಿದಾನೆ, ಮಾರ್ಕೆಟ್ಟಲ್ಲಿ ಮಿಠಾಯಿ ಸ್ಟಾಲ್ ಇಟ್ಕೊಂಡಿದಾನೆ, ಹೆಂಡ್ತಿ ಆಲಿಸನ್ ದೊಡ್ಡ ಮನೆತನದೋಳು, ಅವಳಪ್ಪ ಇಂಡಿಯಾದಲ್ಲಿ ಕರ್ನಲ್ ಆಗಿದ್ದೋನು, ಇವನು ಭಾನುವಾರ ಸಂಜೆ ಪೂರ್ತಿ ಪೇಪರ್ ಹಿಡ್ಕೊಂಡು ಭಾಷಣ ಬಿಗೀತಾನೇ ಇರ್ತಾನೆ, ಅವಳು ಇಸ್ತ್ರಿ ಮಾಡ್ತಾ ನಿಂತಿರ್ತಾಳೆ. ಅವನ ಸ್ಟಾಲು ಒಂದ್ಸಲಾನೂ ಸ್ಟೇಜ್ ಮೇಲೆ ಬರಲ್ಲ. ನಮ್ ಕಣ್ಣೆದುರು ನಿಜವಾಗ್ಲೂ ಕೆಲಸ ಮಾಡೋದು ಆ ಇಸ್ತ್ರಿ ಟೇಬಲ್ ಹಿಂದಿರೋ ಹೆಂಗಸು ಮಾತ್ರ. ಮೂರನೇ ಅಂಕದಲ್ಲಿ ಹೆಂಡ್ತಿ ಹೋಗಿ ಅವಳ ಫ್ರೆಂಡ್ ಬಂದಿರ್ತಾಳೆ, ಅವಳೂ ಅದೇ ಇಸ್ತ್ರಿ! ಆಸ್ಬೋರ್ನ್ ಇದನ್ನ ಬೇಕಂತಲೇ ಇಟ್ಟಿದ್ದು ಅನ್ನೋದೇನೋ ನಿಜ, ಆದ್ರೆ ನಾಟಕದ ಕಿವಿ ಪೂರ್ತಿ ಜಿಮ್ಮಿ ಕಡೆಗೇ.

ಇಂಥ ಪುಸ್ತಕಗಳನ್ನ ಓದ್ತಾ ಓದ್ತಾ ನಾನು ಒಂದು ನಿರ್ಧಾರಕ್ಕೆ ಬಂದಿದೀನಿ. ಯಾವ ಕಥೇಲಿ ಹುಡುಗನ ಕೆಲಸ ಏನು, ಎಷ್ಟು ಹೊತ್ತು, ಕೈಗೆಷ್ಟು ಸಿಗುತ್ತೆ, ಮೇಲ್ಗಡೆ ನಿಂತು ನೋಡೋನು ಯಾರು ಅನ್ನೋದು ಕಾಣುತ್ತೋ ಅಲ್ಲಿ ವರ್ಗ ಅನ್ನೋದು ತಾನಾಗೇ ಕಾಣುತ್ತೆ, ಬೇರೆ ಭಾಷಣ ಬೇಕಿಲ್ಲ. ಕೆಲಸ ಮರೆಮಾಚಿ ಬರೀ ಸಿಟ್ಟು ತೋರಿಸಿದ್ರೆ ಅದು ಯಾರ ಸಿಟ್ಟಾದ್ರೂ ಆಗಬಹುದು.

ಕಾದಂಬರಿಕಾರ ಅಲನ್ ಸಿಲಿಟೋ ನೋಡಿ. 14ನೇ ವಯಸ್ಸಿಗೇ ಸ್ಕೂಲ್ ಬಿಟ್ಟೋನು, ನಾಟಿಂಗ್‌ಹ್ಯಾಮ್‌ನ ರ‍್ಯಾಲಿ ಸೈಕಲ್ ಫ್ಯಾಕ್ಟರೀಲಿ ಕೆಲಸ ಮಾಡಿದೋನು. 1958ರಲ್ಲಿ ಬಂದ 'ಸ್ಯಾಟರ್ಡೇ ನೈಟ್ ಆ್ಯಂಡ್ ಸಂಡೇ ಮಾರ್ನಿಂಗ್' ಬಗ್ಗೆ ಯಾರೇ ಮಾತಾಡಿದ್ರೂ ಮೊದಲನೇ ಸೀನ್ ಹೇಳ್ತಾರೆ, ಫ್ಯಾಕ್ಟರಿ ಹುಡುಗ, ಕಥೆಯ ಹೀರೋ ಆರ್ಥರ್ ಸೀಟನ್ ಹನ್ನೊಂದು ಪೈಂಟ್ ಬಿಯರ್, ಏಳು ಜಿನ್ ಕುಡಿದು ಪಬ್ಬಿನ ಮೆಟ್ಟಿಲ ಮೇಲಿಂದ ಉರುಳಿ ಬೀಳೋದು. ನಂಗೆ ಅದಲ್ಲ ನೆನಪಲ್ಲಿರೋದು, ಸೋಮವಾರದ ಲೇತ್ ಮುಂದಿನ ಲೆಕ್ಕ. ಅವನಿಗೆ ಪೀಸ್‌ರೇಟ್, ಅಂದ್ರೆ ಮಾಡಿದ ಪೀಸಿನ ಲೆಕ್ಕದಲ್ಲಿ ಕೂಲಿ: ನೂರು ಪೀಸಿಗೆ ನಾಲ್ಕು ಶಿಲ್ಲಿಂಗ್ ಆರು ಪೆನ್ಸ್ (ಆಗ ಒಂದು ಪೌಂಡ್ ಅಂದ್ರೆ 20 ಶಿಲ್ಲಿಂಗ್), ದಿನಕ್ಕೆ ಸಾವಿರದ ನಾನೂರು ಹೊಡೆದ್ರೆ ವಾರಕ್ಕೆ ಹದಿನಾಲ್ಕು ಪೌಂಡ್ ಆಸುಪಾಸು ಬರುತ್ತೆ. ಇನ್ನೂ ಜೋರಾಗಿ ಹೊಡೆಯೋ ತಾಕತ್ತು ಅವನಿಗಿದೆ, ಆದ್ರೆ ಹೊಡೆಯಲ್ಲ, ಯಾಕಂದ್ರೆ ರೇಟ್ ಚೆಕ್ ಮಾಡೋನು ಸುತ್ತಾಡ್ತಿರ್ತಾನೆ, ಗಂಟೆ ಆಗೋಕ್ ಮುಂಚೆನೇ ನೂರು ಮುಗಿಸಿದ್ದು ಅವನ ಕಣ್ಣಿಗೆ ಬಿತ್ತೋ, ಒಂದಿನ ಫೋರ್‌ಮನ್ ರೋಬೋ ಬಂದು ನಿನ್ ರೇಟ್ ಆರು ಪೆನ್ಸ್ ಕಟ್ ಅಂತಾನೆ. ಅದಕ್ಕೆ ಬೆಳಗ್ಗೆ ಯಾರೂ ನೋಡದಿದ್ದಾಗ ಸಾವಿರ ಪೀಸ್ ಸರಸರ ಮುಗಿಸೋದು, ಮಧ್ಯಾಹ್ನ ಮೇಲೆ ಹೆಂಗಸ್ರ ಹತ್ರ ಹರಟೆ ಹೊಡ್ಕೊಂಡು ನಿಧಾನಕ್ಕೆ ಎಳೆಯೋದು. ಅಂದ್ರೆ ಚೆನ್ನಾಗಿ ಕೆಲಸ ಬರೋದೇ ಅಪಾಯ, ಬರುತ್ತೆ ಅಂತ ತೋರಿಸ್ಕೋಬಾರ್ದು. ಇವತ್ತು ಟಾರ್ಗೆಟ್ ಮೇಲೆ ಕೆಲಸ ಮಾಡೋ ಯಾರಿಗಾದ್ರೂ ಕೇಳಿ, ಈ ತಿಂಗಳು ಜಾಸ್ತಿ ಮಾಡಿದ್ರೆ ಮುಂದಿನ ತಿಂಗಳು ಅದೇ ಮಿನಿಮಮ್ ಆಗುತ್ತೆ ಅಂತ ಹೇಳ್ತಾರೆ. ಒಂದೇ ಪ್ಯಾರಾದಲ್ಲಿ ಸಿಲಿಟೋ ಇಡೀ ಫ್ಯಾಕ್ಟರಿ ರಾಜಕೀಯ ಹೇಳಿ ಮುಗಿಸ್ತಾನೆ, ಆಮೇಲೇನೇ ಶನಿವಾರದ ಆ ಕುಡಿತ ಯಾಕೆ ಅಷ್ಟು ಜೋರು ಅಂತ ಅರ್ಥ ಆಗೋದು. (ಆರ್ಥರ್ ಹೆಂಗಸ್ರ ಜೊತೆ ನಡ್ಕೊಳ್ಳೋ ರೀತಿ ಮಾತ್ರ ನಂಗೆ ಸಹಿಸೋಕಾಗಲ್ಲ, ಅದಕ್ಕೆ ಕಾಲ ಹಂಗಿತ್ತು ಅನ್ನೋ ಸಮಜಾಯಿಷಿನೂ ನಾನು ಒಪ್ಪಲ್ಲ.)

ಆರ್ಥರ್‌ನ ಅಪ್ಪನ ಬಗ್ಗೆ ಒಂದೆರಡು ಸಾಲು ಬರುತ್ತೆ, ಎರಡನೇ ಮಹಾಯುದ್ಧಕ್ಕೆ ಮುಂಚೆ ಕೆಲಸ ಇಲ್ದೆ ಸರ್ಕಾರ ಕೊಡೋ ದುಡ್ಡಲ್ಲಿ ಒದ್ದಾಡಿದೋನು ಈಗ ಟೀವಿ ಮುಂದೆ ಸಿಗರೇಟ್ ಹಚ್ಕೊಂಡು ಖುಷಿಯಾಗಿದಾನೆ ಅಂತ. ಆ ಅಪ್ಪನ ಹರೆಯ ಹೆಂಗಿತ್ತು ಅಂತ ಗೊತ್ತಾಗ್ಬೇಕು ಅಂದ್ರೆ 1933ರ 'ಲವ್ ಆನ್ ದ ಡೋಲ್' ಕಾದಂಬರಿ ಓದ್ಬೇಕು (ಡೋಲ್ ಅಂದ್ರೆ ಆ ಸರ್ಕಾರಿ ದುಡ್ಡೇ). ವಾಲ್ಟರ್ ಗ್ರೀನ್‌ವುಡ್ ಬರೆದಿದ್ದು, ಊರು ಸ್ಯಾಲ್ಫರ್ಡ್. ಹ್ಯಾರಿ ಹಾರ್ಡ್‌ಕ್ಯಾಸಲ್ ಅನ್ನೋ ಹುಡುಗ ಗಿರವಿ ಅಂಗಡೀಲಿ ಲೆಕ್ಕ ಬರೀತಿರ್ತಾನೆ, ಪೆನ್ನು ಹಿಡಿಯೋದು ಗಂಡಸಿನ ಕೆಲಸ ಅಲ್ಲ ಅನ್ಸುತ್ತೆ ಅವನಿಗೆ, ಎಣ್ಣೆ ಮೆತ್ತಿದ ಓವರಾಲ್ ಹಾಕ್ಕೊಂಡು ಎಂಜಿನಿಯರಿಂಗ್ ವರ್ಕ್ಸ್ ಗೇಟಿಂದ ಎದೆ ಉಬ್ಬಿಸ್ಕೊಂಡು ಬರ್ಬೇಕು ಅಂತ ಆಸೆ. ಸೇರ್ಕೋತಾನೆ. ಏಳು ವರ್ಷ ಅಪ್ರೆಂಟಿಸ್. ಮಶೀನುಗಳು ಹೆಂಗಿವೆ ಅಂದ್ರೆ ಹುಡುಗ್ರೇ ನಡೆಸಬಹುದು, ಹಂಗಾಗಿ ಕಂಪನಿಗೆ ಪ್ರತಿ ವರ್ಷ ಸ್ಕೂಲ್ ಬಿಟ್ಟ ಹೊಸ ಹುಡುಗ್ರು ಬಂದ್ರೆ ಸಾಕು. ಏಳು ವರ್ಷ ಮುಗಿದು ದೊಡ್ಡೋರ ಸಂಬಳ ಕೊಡ್ಬೇಕಾದ ದಿನ ಬಂತೋ, ಹ್ಯಾರಿ ಮತ್ತೆ ಅವನ ಜೊತೆಯೋರು ಮನೆಗೆ! ಯಾರೂ ಬೈಯಲ್ಲ, ಹೊಡೆಯಲ್ಲ, ಅವಧಿ ಮುಗೀತು ಅಷ್ಟೇ. ಟ್ರೈನಿಂಗ್ ಅನ್ನೋ ಹೆಸರಲ್ಲಿ ಕಮ್ಮಿ ಸಂಬಳಕ್ಕೆ ದುಡಿಸ್ಕೊಂಡು ಪರ್ಮನೆಂಟ್ ಮಾಡೋ ಟೈಮಿಗೆ ಕೈ ಎತ್ತೋದು ಹೊಸ ಐಡಿಯಾ ಏನಲ್ಲ ಅಂತ ಗೊತ್ತಾಗುತ್ತೆ. ಇದು 1934ರಲ್ಲೇ ನಾಟಕ ಆಯ್ತು, ಭರ್ಜರಿ ಓಡ್ತು, ಸಿನಿಮಾ ಮಾಡ್ತೀವಿ ಅಂದಾಗ ಮಾತ್ರ ಸೆನ್ಸಾರ್‌ನೋರು ಬೇಡ ಅಂದ್ರು, ಕೊನೆಗೆ 1941ರಲ್ಲಿ ಬಂತು. ಆ ಹೊತ್ತಿಗೆ ಯುದ್ಧ ಶುರುವಾಗಿ ಎಲ್ರಿಗೂ ಕೆಲಸ ಸಿಕ್ಕಿತ್ತು ಬಿಡಿ.

ಕಾದಂಬರೀಲಿ ಲೇತ್ ಬಗ್ಗೆ ಬರೆಯೋದು ಸುಲಭ, ಸ್ಟೇಜ್ ಮೇಲೆ ಕೆಲಸ ತೋರಿಸೋದು ಹೆಂಗೆ? ಆರ್ನಲ್ಡ್ ವೆಸ್ಕರ್ 'ದ ಕಿಚನ್' ನಾಟಕದಲ್ಲಿ ಇದಕ್ಕೆ ಕೊಟ್ಟ ಉತ್ತರಕ್ಕೆ ನಾನು ಫಿದಾ. 1959ರಲ್ಲಿ ರಾಯಲ್ ಕೋರ್ಟಲ್ಲೇ ಮೊದಲು ಆಡಿದ್ದು. ವೆಸ್ಕರ್ ಸ್ವತಃ ಹೋಟೆಲ್ ಅಡುಗೆಮನೇಲಿ ಪಾತ್ರೆ ಎತ್ತಿ, ಆಮೇಲೆ ಪೇಸ್ಟ್ರಿ ಕುಕ್ ಆಗಿದ್ದೋನು. ನಾಟಕದಲ್ಲಿ ಸುಮಾರು ಮೂವತ್ತು ಪಾತ್ರ, ದೊಡ್ಡ ರೆಸ್ಟೋರೆಂಟಿನ ಅಡುಗೆಮನೆ, ಆದ್ರೆ ಸ್ಟೇಜ್ ಮೇಲೆ ಒಂದು ಚೂರೂ ಆಹಾರ ಇರಲ್ಲ. ಹೆಚ್ಚೋದು, ಹುರಿಯೋದು, ಕಲಸೋದು ಎಲ್ಲ ಬರೀ ಕೈಯಲ್ಲಿ ಅಭಿನಯ, ಒಬ್ಬೊಬ್ಬ ಕುಕ್ಕಿಗೂ ಅವನದೇ ಐಟಂ, ಅವನದೇ ಕೈಚಲನೆ. ಬೆಳಗ್ಗೆ ಒಲೆ ಒಂದೊಂದಾಗಿ ಹತ್ತುತ್ತೆ, ಅದರ ಗುಂಯ್ ಸದ್ದು ಏರ್ತಾ ಹೋಗುತ್ತೆ, ಮಧ್ಯಾಹ್ನದ ಊಟದ ಹೊತ್ತಿಗೆ ವೇಟ್ರೆಸ್‌ಗಳು ಓಡ್ತಾ ಆರ್ಡರ್ ಕೂಗ್ತಾ ಬರ್ತಾರೆ, ಸ್ಪೀಡ್ ಹೆಚ್ಚಾಗಿ ಹೆಚ್ಚಾಗಿ ಮಾತು ಅನ್ನೋದೇ ಉಳಿಯಲ್ಲ, ಬರೀ ಐಟಂ ಹೆಸರುಗಳು. ಮೊದಲ ಭಾಗ ಅಲ್ಲಿಗೇ ಮುಗಿಯುತ್ತೆ, ನೋಡೋರಿಗೇ ಬೆವರು.

ಆಮೇಲೆ ಬ್ರೇಕು. ಒಲೆ ಸಣ್ಣಗಾಗಿರುತ್ತೆ, ಒಂದಷ್ಟು ಜನ ಕೂತು ನಿನ್ ಕನಸೇನು ಹೇಳು ಅಂತ ಆಟ ಆಡ್ತಾರೆ. ಒಬ್ಬನಿಗೆ ದುಡ್ಡು, ಒಬ್ಬನಿಗೆ ನಿದ್ದೆ, ಒಬ್ಬನಿಗೆ ಹೆಣ್ಣು. ಪಾಲ್ ಅನ್ನೋ ಪೇಸ್ಟ್ರಿ ಕುಕ್ ಮಾತ್ರ ಪಕ್ಕದ್ಮನೆ ಬಸ್ ಡ್ರೈವರ್ ಕಥೆ ಹೇಳ್ತಾನೆ: ಆ ಡ್ರೈವರ್ ಸ್ಟ್ರೈಕ್ ಮಾಡಿದಾಗ ಪಾಲ್ ಬೆಂಬಲ ಕೊಟ್ಟಿದ್ದ, ಮುಂದೆ ಪಾಲ್ ಒಂದು ಶಾಂತಿ ಮೆರವಣಿಗೆಗೆ ಹೋದಾಗ ಅದೇ ಡ್ರೈವರ್, ಅವರ ಮೇಲೆ ಬಾಂಬ್ ಹಾಕ್ಬೇಕಿತ್ತು ಅಂದ, ಬಸ್ಸಿಗೆ ಅಡ್ಡ ಆಯ್ತಂತೆ! ಕೆಲಸಗಾರರೆಲ್ಲ ಒಂದು ಅನ್ನೋ ಸಿಹಿ ಸುಳ್ಳನ್ನ ವೆಸ್ಕರ್ ಹೇಳಲ್ಲ, ಅದಕ್ಕೇ ಅವನನ್ನ ನಂಬಬಹುದು. ಕೊನೇಲಿ ಪೀಟರ್ ಅನ್ನೋ ಯಂಗ್ ಕುಕ್ ತಲೆ ಕೆಟ್ಟು ಗ್ಯಾಸ್ ಪೈಪಿಗೇ ಕತ್ತಿ ಬೀಸ್ತಾನೆ, ಎಲ್ಲ ಒಲೆ ಆರುತ್ತೆ. ಓನರ್ ಮರಾಂಗೋಗೆ ನಿಜವಾಗ್ಲೂ ಅರ್ಥ ಆಗಲ್ಲ. ಕೆಲಸ ಕೊಟ್ಟೆ, ಸಂಬಳ ಕೊಟ್ಟೆ, ಊಟ ಕೊಟ್ಟೆ, ಇನ್ನೇನು ಬೇಕು ಅಂತಾನೆ. ಅವನು ವಿಲನ್ ಥರ ಕೇಳಿದ್ರೆ ನಾಟಕ ಬಿದ್ದೋಗುತ್ತೆ, ಪಾಪ ಅನ್ನಿಸೋ ಹಂಗೆ ಕೇಳ್ಬೇಕು.

ಹುಡುಗೀರ ಕಡೆಯಿಂದ ಬರೆದೋರು ಕಮ್ಮಿ, ಅದ್ರಲ್ಲಿ ಶೀಲಾ ಡಿಲೇನಿ ಬಿಟ್ಟು ಮಾತಾಡೋ ಹಂಗಿಲ್ಲ. ಇವಳೂ ಸ್ಯಾಲ್ಫರ್ಡಿನೋಳೇ, 1958ರಲ್ಲಿ ನಿರ್ದೇಶಕಿ ಜೋನ್ ಲಿಟಲ್‌ವುಡ್ ಇವಳ 'ಎ ಟೇಸ್ಟ್ ಆಫ್ ಹನಿ' ನಾಟಕ ಆಡಿಸಿದಾಗ ವಯಸ್ಸು 19. ಅದರ ನಾಯಕಿ ಜೋ ಹಗಲು ಅಂಗಡೀಲಿ, ಸಂಜೆ ಬಾರಲ್ಲಿ ದುಡೀತಾಳೆ, ರೂಮ್ ಬಾಡಿಗೆ ಕಟ್ಬೇಕಲ್ಲ. ಅದನ್ನ ಡಿಲೇನಿ ಒಂದೇ ಸಾಲಲ್ಲಿ ಹೇಳಿ ಮುಂದೆ ಹೋಗ್ತಾಳೆ, ಗೋಳಾಟ ಇಲ್ಲ, ಅಮ್ಮ ಮಗಳು ಜಗಳದಲ್ಲೂ ನಗಿಸ್ತಾರೆ.

ಆದ್ರೆ ಕೆಲಸ ಶುರುವಾಗೋಕ್ ಮುಂಚಿನ ಕ್ಷಣಾನ ಬ್ಯಾರಿ ಹೈನ್ಸ್ ಥರ ಯಾರೂ ಹಿಡಿದಿಲ್ಲ. ಅವನ ಕಾದಂಬರಿ 'ಎ ಕೆಸ್ಟ್ರೆಲ್ ಫಾರ್ ಎ ನೇವ್' 1968ರದು, ಮುಂದಿನ ವರ್ಷಾನೇ ಕೆನ್ ಲೋಚ್ 'ಕೆಸ್' ಅಂತ ಸಿನಿಮಾ ಮಾಡಿದ. ಯಾರ್ಕ್‌ಶೈರಿನ ಗಣಿ ಊರು, ಬಿಲ್ಲಿ ಕ್ಯಾಸ್ಪರ್ ಬೆಳಗ್ಗೆ ಪೇಪರ್ ಹಾಕಿ ಸ್ಕೂಲಿಗೆ ಬರೋ ಹುಡುಗ, ಅಣ್ಣ ಜಡ್ ಗಣೀಲಿ. ಬಿಲ್ಲಿ ಒಂದು ಕೆಸ್ಟ್ರೆಲ್, ಅಂದ್ರೆ ಪುಟ್ಟ ಗಿಡುಗನ ಸಾಕಿರ್ತಾನೆ, ಕೊನೆಗೆ ಜಡ್ ಅದನ್ನ ಕೊಂದು ಹಾಕ್ತಾನೆ. ಎಲ್ರೂ ಅತ್ತಿದ್ದು ಆ ಹಕ್ಕಿಗೆ. ನಂಗೆ ಹೊಟ್ಟೆ ತೊಳಸಿದ್ದು ಉದ್ಯೋಗ ಅಧಿಕಾರಿ ಜೊತೆಗಿನ ಇಂಟರ್ವ್ಯೂ. ಆಫೀಸ್ ಕೆಲಸಾನಾ, ಕೈ ಕೆಲಸಾನಾ ಅಂತ ಅವರು ಕೇಳ್ತಾರೆ, ಹುಡುಗನಿಗೆ ಗಣಿ ಒಂದು ಬೇಡ, ಬೇರೆ ಏನೂ ಗೊತ್ತಿಲ್ಲ, ಅವನ ಜೀವ ಪೂರ್ತಿ ಸಿಟ್ಟಾಗಿರೋ ಜಡ್ ತನ್ನನ್ನ ಎಲ್ಲಿ ಹುಡುಕ್ತಿದಾನೋ ಅನ್ನೋ ಭಯದಲ್ಲಿರುತ್ತೆ. ಇಡೀ ಬದುಕು ತೀರ್ಮಾನ ಆಗೋ ಮಾತುಕತೆ ಅದು, ಒಬ್ಬನಿಗೆ ಫಾರಂ ತುಂಬೋ ಅರ್ಜೆಂಟು, ಇನ್ನೊಬ್ಬನಿಗೆ ಬಾಗಿಲು ದಾಟೋ ಅರ್ಜೆಂಟು. ಅಧಿಕಾರಿ ಕೆಟ್ಟೋನಲ್ಲ, ಕೈಗೆ ಒಂದು ಬುಕ್‌ಲೆಟ್ಟೂ ಕೊಡ್ತಾನೆ. ಬಿಲ್ಲಿಗೆ ಹಕ್ಕಿ ಸಾಕೋದು ಬರುತ್ತೆ, ಅದಕ್ಕೋಸ್ಕರ ಪುಸ್ತಕ ಕದ್ದು ಓದಿದಾನೆ, ಆ ಫಾರಮ್ಮಲ್ಲಿ ಅದಕ್ಕೆ ಕಾಲಮ್ಮೇ ಇಲ್ಲ.

ಈ ವರ್ಗದಿಂದ ಮೇಲೆ ಹೋಗೋ ಕಥೆಗಳು ಬೇರೇನೇ ಜಾತಿ. ಅದ್ರಲ್ಲಿ ವಿಲ್ಲಿ ರಸೆಲ್‌ನ 1980ರ ನಾಟಕ 'ಎಜುಕೇಟಿಂಗ್ ರೀಟಾ' ನಂಗೆ ಹತ್ರ, ಯಾಕಂದ್ರೆ ಅದು ಮೇಲೆ ಹೋಗೋದನ್ನ ಹಬ್ಬ ಮಾಡಲ್ಲ. ಹೇರ್ ಡ್ರೆಸರ್ ರೀಟಾ ಓಪನ್ ಯೂನಿವರ್ಸಿಟೀಲಿ ಸಾಹಿತ್ಯ ಓದೋಕೆ ಬರ್ತಾಳೆ, ಅವಳಿಗೆ ಪಾಠ ಹೇಳೋ ಲೆಕ್ಚರರ್ ಮನೆಗೆ ಊಟಕ್ಕೆ ಕರೀತಾನೆ, ಅವಳು ವೈನ್ ತಗೊಂಡು ಹೋಗಿ ಕಿಟಕೀಲಿ ಒಳಗಡೆ ಜನಾನ ನೋಡಿ, ತಾನು ತಂದಿದ್ದು ಸರಿಯಾದ ವೈನ್ ಅಲ್ಲ ಅನ್ನಿಸಿ ಬಾಗಿಲು ತಟ್ಟದೆ ವಾಪಸ್ ಬರ್ತಾಳೆ. ಪಬ್ಬಿಗೆ ಹೋದ್ರೆ ಅಲ್ಲಿ ಮನೆಯೋರೆಲ್ಲ ಹಾಡ್ತಿರ್ತಾರೆ, ಅದೂ ಈಗ ಸೇರಲ್ಲ. ಓದಿಗೆ ಕೊಟ್ಟ ಬೆಲೆ ಇದು, ಫೀಸ್ ರಸೀದೀಲಿ ಬರಲ್ಲ.

ಓದೋಕೆ ಶುರು ಮಾಡೋರಿಗೆ: ಸಿಲಿಟೋ ಮೊದಲು, ಗ್ರೀನ್‌ವುಡ್ ಆಮೇಲೆ. 'ದ ಕಿಚನ್' ಓದೋದಾದ್ರೆ ರಂಗಸೂಚನೆಗಳನ್ನ ಹಾರಿಸ್ಬೇಡಿ, ಅರ್ಧ ನಾಟಕ ಇರೋದೇ ಅಲ್ಲಿ. 'ಕೆಸ್' ಸಿನಿಮಾಗೆ ಸಬ್‌ಟೈಟಲ್ ಇಟ್ಕೊಳ್ಳಿ, ಆ ಯಾರ್ಕ್‌ಶೈರ್ ಇಂಗ್ಲಿಷ್ ನಂಗಂತೂ ಅದಿಲ್ದೆ ಅರ್ಥ ಆಗಲ್ಲ. ಆಸ್ಬೋರ್ನ್ ಎಲ್ಲಾ ಮುಗಿದ್ಮೇಲೆ ಓದಿದ್ರೂ ನಡೆಯುತ್ತೆ.